ಮೂರು ಸಲ ಓದಬೇಕಾದ ಚಿಪ್

ಸತ್ತ ಅಣ್ಣನ ಅಂಗಿಜೇಬಿಗೆ ತಂಗಿ ಅವನದೇ ನೋಟುಪುಸ್ತಕ ತುರುಕುತ್ತಿದ್ದಾಗ ಹಿಂದೆ ಯಾರೋ ಕೆಮ್ಮಿದರು.

“ಅಯ್ಯೋ, ಅದನ್ನ ಅವನ ಜೊತೆ ಕಳಿಸ್ಬೇಡಮ್ಮ,” ಎಂದ ಟೋಪಿಯವನು. ಹಳೆಯ ವಿಡಿಯೊ ಗೇಮ್ ಯಂತ್ರಗಳ ಹುಚ್ಚು ಹಿಡಿದವನು, ಅಣ್ಣನ ಮೂವತ್ತು ವರ್ಷದ ಗೆಳೆಯ. “ಅವನು ಉಳಿಸಿದ್ನಲ್ಲ, ಆ ಯಂತ್ರದಂಥದ್ದೇ ಇನ್ನೊಂದು ಸಿಕ್ಕಿದೆ. ನಿನ್ನೆ ಅದರ ಚಿಪ್ ಓದಿದೆ. ಬೇಕಂತಲೇ ಇನ್ನೂ ಹೋಲಿಸಿಲ್ಲ. ಸ್ಮಶಾನದ ಗಾಡಿ ಬರೋದ್ರೊಳಗೆ ಈ ಪುಸ್ತಕದಲ್ಲಿರೋ ಸಂಖ್ಯೆ ಜೊತೆ, ಅವನ ಮುಂದೇನೇ ಹೋಲಿಸ್ಬೇಕು.”

“ಅವನನ್ನ ಇಲ್ಲಿ ಮಲಗಿಸ್ಕೊಂಡು ಇದೆಲ್ಲ ಯಾಕೆ?”

“ಕೊಡಮ್ಮ,” ಎಂದಳು ಅತ್ತಿಗೆ. “ಊಟ ಬಿಟ್ರೂ ಅದನ್ನ ಬಿಟ್ಟೋರಲ್ಲ ಅವ್ರು.”

ಕಳ್ಳನ ಮನಸ್ಸು ಹುಳ್ಳಹುಳ್ಳಗೆ. ಅವಳದು ಹನ್ನೊಂದು ವರ್ಷದಿಂದ ಹಾಗೇ ಇತ್ತು.

*

ಗೇಮ್ ಯಂತ್ರ ಕಣ್ಣುಬಿಡುವುದೇ ಒಂದು ಚಿಪ್‌ನೊಳಗಿನ ಪುಟ್ಟ ಪ್ರೋಗ್ರಾಮಿನಿಂದ. ಅದರ ನಕಲು ಉಳಿದರೆ ಯಂತ್ರ ಸತ್ತರೂ ಆಟಗಳನ್ನು ಕಂಪ್ಯೂಟರಿನಲ್ಲಿ ಆಡಬಹುದು. ನಕಲು ಸರಿಯಿದೆಯೇ ಎಂದು ತಾಳೆ ನೋಡಲು ಅಂಕಿ-ಅಕ್ಷರ ಬೆರೆತ ಒಂದು ಚೆಕ್‌ಸಮ್ ಸಂಖ್ಯೆ. ಒಳಗೆ ಒಂದಕ್ಷರ ತಪ್ಪಿದರೂ ಸಂಖ್ಯೆ ಪೂರ್ತಿ ಬೇರೆ. ಅಣ್ಣನದು ಒಂದೇ ಹಟ: ಓದುವ ಸಾಧನದಿಂದ ಚಿಪ್ ಕಿತ್ತು ಮತ್ತೆ ಕೂರಿಸಿ ಮೂರು ಸಲ ಓದಬೇಕು, ಮೂರೂ ಸಂಖ್ಯೆ ಒಂದೇ ಬರಬೇಕು.

ಹನ್ನೊಂದು ವರ್ಷದ ಹಿಂದೆ ಆ ಕೆಲಸವನ್ನು ಅಣ್ಣ ಅವಳಿಗೆ ಒಪ್ಪಿಸಿದ್ದ ದಿನ, ಒಂದು ಸಲ ಓದಿ ಕೀಳುವಾಗ ಅವಳ ಕೈಯಲ್ಲಿ ಚಿಪ್‌ನ ಲೋಹದ ಕಾಲೊಂದು ಮುರಿಯಿತು. ಉಳಿದಿರುವುದು ಇದೊಂದೇ ಎಂದಿದ್ದ ಅಣ್ಣ. ಅವಳು ಕಾಲನ್ನು ಕಸದ ಬುಟ್ಟಿಗೆ ಹಾಕಿ, ಬಂದ ಸಂಖ್ಯೆಯನ್ನೇ ಮೂರು ಸಲ ಬರೆದಳು.

“ಮೂರೂ ಒಂದೇನಾ?”

“ಒಂದೇ ಅಣ್ಣ.”

ಆಮೇಲೆ ಆ ಪುಟ ತೆರೆಯುವ ಧೈರ್ಯ ಅವಳಿಗೆ ಬರಲಿಲ್ಲ. ಅಣ್ಣ ಹೊರಗೆ ಕಳಿಸಿದ ನಕಲನ್ನು ಲೋಕವೆಲ್ಲ ನಂಬಿತು.

*

ಟೋಪಿಯವನು ಫೋನ್ ನೋಡಿ ಓದಿದ. “ಏಳು, ನಾಲ್ಕು, ಸಿ…”

ಅವಳು ಆ ಪುಟ ತೆರೆದಳು. ಅವಳು ಬರೆದ ಸಾಲು ಒಂಬತ್ತರಿಂದ ಶುರುವಾಗಿತ್ತು. ಮೂರೂ ಸಾಲು. ಬಾಯಿ ತೆರೆಯಲಾರದ ಅಣ್ಣನ ಮುಖಕ್ಕೆ ತಾನೇ ಮಸಿ ಬಳಿದಂತಾಗಿತ್ತು.

“ಹೊಂದ್ತಾ?”

“ಇಲ್ಲ.” ಅವಳು ಪುಸ್ತಕವನ್ನು ಅತ್ತಿಗೆಯ ಕೈಗಿತ್ತಳು. “ತಪ್ಪು ಅಣ್ಣಂದಲ್ಲ. ನಾನು ಓದಿದ್ದು ಒಂದೇ ಸಲ. ಅವನಿಗೆ ಸುಳ್ಳು ಹೇಳಿದೆ.”

ಅತ್ತಿಗೆ ಕನ್ನಡಕ ಏರಿಸಿಕೊಂಡು ಪುಟ ಮಗುಚಿದಳು. “ಈ ಕಡೆನೂ ಬರೆದಿದಾರಲ್ಲಮ್ಮ.”

ಅಣ್ಣನ ಅಕ್ಷರ. ಅದೇ ವಾರದ ಮೂರು ತಾರೀಖು, ಮೂರು ಸಾಲು: ಏಳು, ನಾಲ್ಕು, ಸಿ. ‘ಹೊಸ ತಂತಿ ಬೆಸೆದು ಓದಿದ್ದು. ಹೊರಗೆ ಕಳಿಸಿದ್ದು ಇದನ್ನು.’ ಅದರ ಕೆಳಗೆ, ಹಳದಿಗಟ್ಟಿದ ಟೇಪಿನಡಿ, ಕಸದ ಬುಟ್ಟಿಯಿಂದ ಹೆಕ್ಕಿ ಅಂಟಿಸಿದ ಆ ಮುರಿದ ಕಾಲು.