ಇನ್ನು ನೂರ ಎಪ್ಪತ್ತೊಂಬತ್ತು ಕಂತು

ಪರಿಹಾರದ ಚೆಕ್ಕನ್ನು ಲಿಫ್ಟ್ ಮೆಕ್ಯಾನಿಕ್ ಎಡಗೈಯಲ್ಲೇ ತೆಗೆದುಕೊಂಡ. ಬಲಗೈಯ ಬ್ಯಾಂಡೇಜು ಬಿಚ್ಚಿ ಆಗಲೇ ತಿಂಗಳಾಗಿತ್ತು. ಆದರೂ ತೋರುಬೆರಳು, ನಡುಬೆರಳು ಇದ್ದ ಜಾಗವನ್ನು ನಾಲ್ಕು ಜನರ ಮುಂದೆ ಚಾಚಲು ಅವನಿಗೆ ಇನ್ನೂ ಸಂಕೋಚ. ಏಳು ಮಹಡಿಯ ಕಟ್ಟಡವೊಂದರ ಮೇಲಿನ ಯಂತ್ರದ ಕೋಣೆಯಲ್ಲಿ ಅವನು ಉಕ್ಕಿನ ಹಗ್ಗ ಒರೆಸುತ್ತಿದ್ದಾಗ ಕೆಳಗೆ ಯಾರೋ ಕರೆಂಟ್ ಹಾಕಿದ್ದರು. ರಾಟೆ ತಿರುಗಿದ್ದು ಅರ್ಧ ಸುತ್ತು, ಅಷ್ಟೇ.

ಕಂಪನಿ ಒಂದು ಲಕ್ಷ ಕೊಟ್ಟಿತು. ಜೊತೆಗೆ ಇನ್ನು ಮುಂದೆ ಯಂತ್ರದ ಕೋಣೆ ಹತ್ತುವುದು ಬೇಡ, ಆಫೀಸಿನಲ್ಲಿ ಕೂತು ದೂರಿನ ಫೋನ್ ಎತ್ತಿದರೆ ಸಾಕು ಎಂದಿತು. ಫೋನ್ ಎತ್ತುವವನಿಗೆ ಓವರ್‌ಟೈಮ್ ಇಲ್ಲ. ತಿಂಗಳಿಗೆ ನಾಲ್ಕು ಸಾವಿರ ಕಡಿಮೆ.

ಆದರೂ ಆ ವಾರ ಅವನು ಗೆಲುವಾಗಿಯೇ ಇದ್ದ. ಲಕ್ಷ ರೂಪಾಯಿ ಒಟ್ಟಿಗೆ ಕೈಗೆ ಬಂದದ್ದು ಜೀವಮಾನದಲ್ಲಿ ಅದೇ ಮೊದಲು. ಅದನ್ನು ಏನು ಮಾಡಬೇಕೆಂಬುದನ್ನು ಆಸ್ಪತ್ರೆಯ ಹಾಸಿಗೆಯಲ್ಲೇ ತೀರ್ಮಾನಿಸಿಕೊಂಡಿದ್ದ.

"ಮನೆ ಸಾಲಕ್ಕೆ ಕಟ್ಟಿಬಿಡೋಣ" ಎಂದ ಹೆಂಡತಿಗೆ. "ಇಪ್ಪತ್ತು ವರ್ಷದಲ್ಲಿ ಹನ್ನೊಂದು ಕಳೀತು. ಇಪ್ಪತ್ತು ಲಕ್ಷದಲ್ಲಿ ಇನ್ನು ಒಂಬತ್ತೋ ಹತ್ತೋ ಉಳಿದಿರ್ಬೇಕು. ಇದು ಕಟ್ಟಿದ್ರೆ ಎಂಟಕ್ಕೆ ಇಳಿಯುತ್ತೆ. ಕಂತೂ ಸ್ವಲ್ಪ ಇಳಿಸ್ಕೊಡಿ ಅಂತ ಕೇಳೋಣ."

ಹೆಂಡತಿ ಶಿಶುವಿಹಾರದಲ್ಲಿ ಆಯಾ. ಇಡೀ ದಿನ ಮೂವತ್ತು ಮಕ್ಕಳ ಮೂಗು ಒರೆಸಿ ಬಂದವಳಿಗೆ ಹೆಚ್ಚು ಮಾತು ಬೇಕಾಗಿರಲಿಲ್ಲ. "ಕಟ್ಟಿ. ನಿಮ್ಮ ಬೆರಳಿನ ದುಡ್ಡು, ನಿಮ್ಮ ಮನಸ್ಸಿಗೆ ಬಂದ ಹಾಗೆ ಮಾಡಿ" ಎಂದಳು.

ಮನೆಯೆಂದರೆ ನಾಲ್ಕನೇ ಮಹಡಿಯಲ್ಲಿ ಎರಡು ಕೋಣೆ, ಒಂದು ಅಡುಗೆಮನೆ, ಬಟ್ಟೆ ಒಣಹಾಕುವಷ್ಟು ಬಾಲ್ಕನಿ. ಕಟ್ಟಡಕ್ಕೆ ಲಿಫ್ಟ್ ಇಲ್ಲ. ಊರಿನ ಲಿಫ್ಟೆಲ್ಲ ರಿಪೇರಿ ಮಾಡುವವನು ಮೆಟ್ಟಿಲು ಹತ್ತಿ ಮನೆಗೆ ಹೋಗುತ್ತಾನೆಂದು ಜೊತೆಯವರು ನಗುತ್ತಿದ್ದರು. ಅವರಲ್ಲಿ ಗ್ರೀಸಣ್ಣ ಎಂದು ಎಲ್ಲರೂ ಕರೆಯುವ ಹಿರಿಯನೊಬ್ಬ ಇಪ್ಪತ್ತೆರಡು ವರ್ಷದಿಂದ ಬಾಡಿಗೆ ಮನೆಯಲ್ಲೇ ಇದ್ದ. ಲಿಫ್ಟ್ ಮೆಕ್ಯಾನಿಕ್ ಸಿಕ್ಕಾಗಲೆಲ್ಲ ಅವನನ್ನು ಕೆಣಕುತ್ತಿದ್ದ: "ಇನ್ನೊಬ್ಬರ ಜೇಬು ತುಂಬಿಸ್ತಾ ಇದ್ದೀಯಲ್ಲ ಅಣ್ಣ. ನಾನು ನೋಡು, ಕಟ್ಟೋದೆಲ್ಲ ನನ್ನ ಗೋಡೆಗೇ." ಗ್ರೀಸಣ್ಣ ಬೀಡಿ ಹಚ್ಚುತ್ತಿದ್ದ.

ಬ್ಯಾಂಕಿನಲ್ಲಿ ಸಾಲದ ವಿಭಾಗ ಹಿಂಬದಿಯ ಗಾಜಿನ ಕೋಣೆಯಲ್ಲಿತ್ತು. ಅಲ್ಲಿ ಕೂತಿದ್ದ ಹುಡುಗಿಗೆ ಅವನ ಮಗಳಿಗಿಂತ ನಾಲ್ಕೈದು ವರ್ಷ ಹೆಚ್ಚಿರಬಹುದು. ದಪ್ಪ ಕನ್ನಡಕ, ತಣ್ಣಗಿನ ದನಿ. ಚೆಕ್ಕನ್ನೂ ಅವನ ಕೈಯನ್ನೂ ನೋಡಿದಳು. ಕೈಯ ವಿಷಯ ಕೇಳಲಿಲ್ಲ. ಸಾಲದ ನಂಬರು ಒತ್ತಿದಳು.

"ಭಾಗಶಃ ಮರುಪಾವತಿ ಅಲ್ವಾ ಸರ್? ಈಗ ಬಾಕಿ ಇರೋದು ಹದಿನಾರು ಲಕ್ಷದ ಹತ್ತು ಸಾವಿರದ ಇನ್ನೂರ ಎಂಬತ್ಮೂರು."

ಅವನು ನಕ್ಕುಬಿಟ್ಟ. "ಮೇಡಂ, ಅದು ಬೇರೆ ಯಾರದೋ ಇರ್ಬೇಕು. ನಾನು ತಗೊಂಡಿದ್ದೇ ಇಪ್ಪತ್ತು. ಹನ್ನೊಂದು ವರ್ಷದಿಂದ ಒಂದು ಕಂತೂ ತಪ್ಪಿಸಿಲ್ಲ."

ಅವಳು ನಂಬರನ್ನು ಇನ್ನೊಮ್ಮೆ ಓದಿ ಹೇಳಿದಳು. ಅವನ ಅಪ್ಪನ ಹೆಸರು, ಮನೆಯ ನಂಬರು, ಹುಟ್ಟಿದ ದಿನ ಎಲ್ಲವನ್ನೂ ಓದಿದಳು. ಎಲ್ಲ ಅವನದೇ. ಆಮೇಲೆ ಪರದೆಯನ್ನು ಅವನ ಕಡೆ ತಿರುಗಿಸಿದಳು.

"ಕಳೆದ ತಿಂಗಳದು ನೋಡಿ ಸರ್. ನೀವು ಕಟ್ಟಿದ್ದು ಹದಿನೇಳು ಸಾವಿರದ ಮುನ್ನೂರ ಐವತ್ತಾರು. ಅದರಲ್ಲಿ ಬಡ್ಡಿಗೆ ಹೋಗಿದ್ದು ಹದಿಮೂರು ಸಾವಿರದ ನಾನೂರ ಐವತ್ತೆರಡು. ಅಸಲಿಗೆ ಹೋಗಿದ್ದು ಮೂರು ಸಾವಿರದ ಒಂಬೈನೂರ ನಾಲ್ಕು."

"ಹನ್ನೊಂದು ವರ್ಷ ಆದ್ಮೇಲೂನಾ?"

"ಮೊದಲ ತಿಂಗಳು ಅಸಲಿಗೆ ಹೋಗಿದ್ದು ಮೂರು ಸಾವಿರದ ನೂರ ಎಂಬತ್ತೊಂಬತ್ತು ಸರ್. ಅಲ್ಲಿಂದ ಇಲ್ಲಿಗೆ ಬಂದಿದೆ."

ಏಳುನೂರು ಚಿಲ್ಲರೆ. ಹನ್ನೊಂದು ವರ್ಷ ಬಿಸಿಲಲ್ಲಿ ಸೈಕಲ್ ತುಳಿದು, ಭಾನುವಾರಗಳನ್ನು ಓವರ್‌ಟೈಮಿಗೆ ಒತ್ತೆಯಿಟ್ಟು ಅವನು ಮುಂದೆ ಸರಿದದ್ದು ಅಷ್ಟು ದೂರ.

"ಹಾಗಾದ್ರೆ ಒಂಬತ್ತು ವರ್ಷದಲ್ಲಿ ಹೇಗೆ ಮೇಡಂ ಮುಗಿಯೋದು?"

ಆ ಹುಡುಗಿಗೆ ಹೇಳಲು ಕಷ್ಟವಾಯಿತೆಂಬುದು ಮುಖದಲ್ಲೇ ಕಾಣುತ್ತಿತ್ತು. "ಒಂಬತ್ತಲ್ಲ ಸರ್. ಇನ್ನು ನೂರ ಎಪ್ಪತ್ತೊಂಬತ್ತು ಕಂತಿದೆ. ಹದಿನೈದು ವರ್ಷಕ್ಕೆ ಒಂದು ತಿಂಗಳು ಕಡಿಮೆ."

ಅವನಿಗೆ ಆಗ ಐವತ್ತೊಂದು. ಅರುವತ್ತಕ್ಕೆ ಕೆಲಸದಿಂದ ನಿವೃತ್ತಿ. ಲೆಕ್ಕ ಹಾಕಲು ಬೆರಳು ಮಡಿಸಹೋಗಿ, ಕೈಯನ್ನು ಮೇಜಿನ ಕೆಳಗೆ ಇಳಿಸಿಕೊಂಡ.

ಹುಡುಗಿ ಸಮಾಧಾನದಿಂದಲೇ ಬಿಡಿಸಿ ಹೇಳಿದಳು. ಸಾಲ ಕೊಟ್ಟಾಗ ಬಡ್ಡಿ ಎಂಟೂವರೆ ಇತ್ತು. ಅದು ಏರಿಳಿಯುವ ಬಡ್ಡಿ ಎಂದು ಕರಾರಿನಲ್ಲೇ ಇತ್ತು. ಮೂರು ವರ್ಷದ ನಂತರ ಹತ್ತಕ್ಕೆ ಏರಿತು, ಮತ್ತೆ ಇಳಿಯಲೇ ಇಲ್ಲ. ಬಡ್ಡಿ ಏರಿದಾಗ ಕಂತನ್ನಾದರೂ ಏರಿಸಬೇಕು, ಅವಧಿಯನ್ನಾದರೂ ಉದ್ದ ಮಾಡಬೇಕು. ಯಾವುದು ಬೇಕೆಂದು ಬ್ಯಾಂಕು ಕಾಗದ ಬರೆದು ಕೇಳಿತ್ತು. ಉತ್ತರ ಬಾರದವರಿಗೆಲ್ಲ ಅವಧಿಯನ್ನೇ ಉದ್ದ ಮಾಡಿತ್ತು.

"ಕಾಗದ ಬಂದಿತ್ತಾ?" ಎಂದು ತನ್ನನ್ನೇ ಕೇಳಿಕೊಂಡಂತೆ ಕೇಳಿದ.

"ಕಳಿಸಿದ ದಾಖಲೆ ಇದೆ ಸರ್."

"ಆಗ ಕಂತು ಏರಿಸಿದ್ದಿದ್ರೆ ಎಷ್ಟಾಗ್ತಿತ್ತು?"

ಅವಳು ಕೀಲಿಮಣೆಯ ಮೇಲೆ ಒತ್ತಿ ನೋಡಿದಳು. "ತಿಂಗಳಿಗೆ ಸಾವಿರದ ಏಳುನೂರು ಚಿಲ್ಲರೆ ಜಾಸ್ತಿ. ಹೇಳಿದ ಟೈಮಿಗೆ ಮುಗೀತಿತ್ತು."

ಕೊನೆಗೆ ಅವನು, ಎಲ್ಲ ಸೇರಿ ಒಟ್ಟು ಎಷ್ಟು ಕಟ್ಟಿದಂತಾಗುತ್ತದೆಂದು ಕೇಳಿದ. ಕೇಳಬಾರದಿತ್ತು. ಐವತ್ನಾಲ್ಕು ಲಕ್ಷದ ಹತ್ತಿರ, ಎಂದಳು ಅವಳು. ಈ ಒಂದು ಲಕ್ಷ ಈಗ ಕಟ್ಟಿದರೆ ಇಪ್ಪತ್ಮೂರು ಕಂತು ಕಡಿಮೆಯಾಗುತ್ತದೆ, ಅದು ನಿಜವಾಗಿ ಒಳ್ಳೆಯದೇ, ಆದರೆ ತಿಂಗಳ ಕಂತು ಹಾಗೇ ಇರಬೇಕು. ಕಂತನ್ನೂ ಇಳಿಸಿ ಎಂದರೆ ಉಳಿತಾಯ ಅಷ್ಟಕ್ಕಷ್ಟೆ. "ಯೋಚ್ನೆ ಮಾಡಿ ಬನ್ನಿ ಸರ್, ಅವಸರ ಇಲ್ಲ" ಎಂದು ಚೆಕ್ಕನ್ನು ಅವನ ಕಡೆಗೇ ಸರಿಸಿದಳು.

ಅವಳು ಒರಟಾಗಿ ಮಾತಾಡಿದ್ದರೆ ಜಗಳವಾದರೂ ಆಡಬಹುದಿತ್ತು. ಅವನು ಕೈಮುಗಿದು ಹೊರಗೆ ಬಂದ.

ಹೆಂಡತಿ ಬರುವ ಹೊತ್ತಿಗೆ ಅವನು ಮಂಚದ ಕೆಳಗಿನ ಪೆಟ್ಟಿಗೆಯಿಂದ ಫೈಲು ತೆಗೆದು ನೆಲದ ಮೇಲೆ ಹರಡಿಕೊಂಡಿದ್ದ. ಬ್ಯಾಂಕಿನ ಲಕೋಟೆ ಬಂದಾಗಲೆಲ್ಲ "ಫೈಲಿಗೆ ಹಾಕು" ಎನ್ನುವುದು ಅವನ ರೂಢಿ. ಅವಳು ಹಾಕುತ್ತಿದ್ದಳು. ಹದಿನಾಲ್ಕು ಲಕೋಟೆಗಳಿದ್ದವು. ಒಂಬತ್ತರ ಬಾಯಿ ತೆರೆದೇ ಇರಲಿಲ್ಲ. ಲಿಫ್ಟಿನ ಒಂದೊಂದು ಬೋಲ್ಟನ್ನೂ ಎಂದು ಬಿಗಿದೆನೆಂದು ಪುಸ್ತಕದಲ್ಲಿ ಬರೆದಿಡುತ್ತಿದ್ದವನು ಅವನು.

ಆ ಕಾಗದ ಅಲ್ಲೇ ಇತ್ತು. ಸಣ್ಣ ಅಕ್ಷರದ ಎರಡು ಪುಟ, ಕೊನೆಯಲ್ಲಿ ಎರಡು ಚೌಕ. ಒಂದಕ್ಕೆ ಟಿಕ್ ಹಾಕಿ, ಸಹಿ ಮಾಡಿ, ಮೂವತ್ತು ದಿನದೊಳಗೆ ಕಳಿಸಬೇಕಿತ್ತು.

ಅವನು ಎಲ್ಲವನ್ನೂ ಹೇಳಿದ. ಅವಳು ಕೈಚೀಲವನ್ನು ಹೆಗಲಿನಿಂದ ಇಳಿಸದೆ ಬಾಗಿಲಿಗೊರಗಿ ಕೇಳಿಸಿಕೊಂಡಳು.

"ಸಾವಿರದ ಏಳುನೂರು" ಎಂದಳು. "ಆ ವರ್ಷ ನಾವು ವಾಷಿಂಗ್ ಮೆಷಿನ್ ತಗೊಂಡ್ವಿ. ಅದಕ್ಕೆ ತಿಂಗಳಿಗೆ ಸಾವಿರದ ಐನೂರು ಕಟ್ತಿದ್ವಿ."

"ನಾನೇ ಬೇಡ ಅಂದಿದ್ದೆ."

"ನೀವು ಬೇಡ ಅಂದಿರ್ಲಿಲ್ಲ. ಅಂಗಡಿಗೆ ಕರ್ಕೊಂಡು ಹೋಗಿದ್ದೇ ನೀವು. ನಂಗೆ ಬೆನ್ನು ನೋವು ಅಂತ." ಅವಳ ದನಿ ಏರಿತು. "ಒಂದು ಮಾತು ಓದಿ ಹೇಳಿದ್ರೆ ನಾನು ಕೈಯಲ್ಲೇ ಒಗೀತಿದ್ದೆ! ಹನ್ನೊಂದು ವರ್ಷ ಅಂತೀರಲ್ಲ, ಇನ್ನೂ ನೂರು ವರ್ಷ ಒಗೀತಿದ್ದೆ!"

ಅವಳು ಒಳಗೆ ಹೋಗಿ ಮುಖ ತೊಳೆದುಕೊಂಡು ಬಂದು, ನೆಲದ ಮೇಲೆ ಅವನ ಪಕ್ಕದಲ್ಲಿ ಕೂತಳು.

"ಮಾರಿಬಿಟ್ರೆ?"

"ಕೆಳಗಿನ ಮನೆಯವ್ರದ್ದು ಒಂದು ವರ್ಷ ಯಾರೂ ಕೇಳ್ಲಿಲ್ಲ. ಆಮೇಲೆ ಹದಿನೆಂಟಕ್ಕೆ ಹೋಯ್ತು. ಹದಿನಾರು ಬ್ಯಾಂಕಿಗೆ. ದಲ್ಲಾಳಿದು, ಕಾಗದದ ಖರ್ಚು ಕಳೆದ್ರೆ ನಮಗೆ ಏನು ಉಳಿಯುತ್ತೆ? ಆಮೇಲೆ ಹೋಗಿ ಇರೋದೆಲ್ಲಿ?"

"ಹಾಗಾದ್ರೆ ಈ ಲಕ್ಷ ಕಟ್ಟಿಬಿಡಿ. ಎರಡು ವರ್ಷನಾದ್ರೂ ಕಡಿಮೆ ಆಗ್ಲಿ."

ಅವನು ಇಡೀ ಮಧ್ಯಾಹ್ನ ಅದನ್ನೇ ಲೆಕ್ಕ ಹಾಕಿದ್ದ. "ಕಟ್ಟಿದ್ರೆ ಮುಂದಿನ ತಿಂಗಳ ಕಂತಿಗೆ ಎಲ್ಲಿಂದ ತರೋದು? ನನ್ನ ಸಂಬಳದಲ್ಲಿ ನಾಲ್ಕು ಸಾವಿರ ಹೋಯ್ತಲ್ಲ. ಇದನ್ನ ಇಟ್ಕೊಂಡು ತಿಂಗಳು ತಿಂಗಳು ನಾಲ್ಕು ಸಾವಿರ ತೆಗೆದು ತುಂಬಿದ್ರೆ ಇಪ್ಪತ್ತೈದು ತಿಂಗಳು ಬರುತ್ತೆ."

ಅವಳು ಆ ಮಾತನ್ನು ತಿರುಗಿಸಿ ಮುರುಗಿಸಿ ನೋಡಿದಳು. ಅದರಲ್ಲಿ ಎಲ್ಲೂ ಬಾಗಿಲಿರಲಿಲ್ಲ. ಸಾಲ ಕಡಿಮೆ ಮಾಡಬೇಕೆಂದರೆ ಈ ಲಕ್ಷ ಬೇಕು. ಸಾಲ ತಪ್ಪದಂತೆ ಕಟ್ಟುತ್ತ ಹೋಗಬೇಕೆಂದರೂ ಇದೇ ಲಕ್ಷ ಬೇಕು.

"ಚಹಾ ಮಾಡ್ಲಾ?" ಎಂದಳು.

ಮರುದಿನ ಅವನು ಚೆಕ್ಕನ್ನು ತನ್ನ ಉಳಿತಾಯ ಖಾತೆಗೆ ಹಾಕಿದ.

ಆ ಇಪ್ಪತ್ತೈದು ತಿಂಗಳನ್ನು ಅವರು ಹೊಟ್ಟೆಬಟ್ಟೆ ಕಟ್ಟಿ ಕಳೆದರು ಎನ್ನಬೇಕು. ಆದರೆ ಅದಕ್ಕಿಂತ ಮೊದಲೂ ಹಾಗೆಯೇ ಕಳೆದಿದ್ದರಿಂದ ಹೊಸದಾಗಿ ಕಟ್ಟಲು ಏನೂ ಉಳಿದಿರಲಿಲ್ಲ. ಒಂದು ದಿನ ಕ್ಯಾಂಟೀನಿನಲ್ಲಿ ಲಿಫ್ಟ್ ಮೆಕ್ಯಾನಿಕ್ ತಾನಾಗಿಯೇ ಗ್ರೀಸಣ್ಣನಿಗೆ ಎಲ್ಲವನ್ನೂ ಹೇಳಿದ. ತಿರುಗಿ ಕೆಣಕಲಿ, ಒಂದಿಷ್ಟು ಹಗುರವಾಗಲಿ ಎಂದೇ ಹೇಳಿದ್ದು. ಗ್ರೀಸಣ್ಣ ಕೆಣಕಲಿಲ್ಲ. "ನನ್ನ ಮನೆ ಮಾಲೀಕರು ಖಾಲಿ ಮಾಡು ಅಂದಿದ್ದಾರೆ ಕಣಯ್ಯ. ಈ ವಯಸ್ಸಲ್ಲಿ ಮನೆ ಹುಡುಕ್ತಾ ಇದ್ದೀನಿ" ಎಂದ. ಇಬ್ಬರೂ ತಟ್ಟೆ ನೋಡಿಕೊಂಡು ಉಂಡರು.

ಲಕ್ಷ ಮುಗಿದ ತಿಂಗಳು ಅವನು ಮತ್ತೆ ಆ ಗಾಜಿನ ಕೋಣೆಗೆ ಹೋದ. ಕನ್ನಡಕದ ಹುಡುಗಿಗೆ ವರ್ಗವಾಗಿತ್ತು. ಅವಳ ಜಾಗದಲ್ಲಿ ಕೂತಿದ್ದವನಿಗೆ ಪಕ್ಕದಲ್ಲಿ ಎರಡೆರಡು ಫೋನು. ಕಂತು ಇಳಿಸಿ ಎಂಬ ಬೇಡಿಕೆ ಕೇಳಿ, ಅವನು ಇದರಲ್ಲೇನಿದೆ ಎಂಬಂತೆ ತಲೆಯಾಡಿಸಿದ.

"ಬಾಕಿ ಹದಿನೈದು ಲಕ್ಷ ಚಿಲ್ಲರೆ. ಇಪ್ಪತ್ತೈದು ವರ್ಷಕ್ಕೆ ಹಾಕಿದ್ರೆ ಕಂತು ಹದಿಮೂರು ಸಾವಿರದ ಏಳುನೂರರ ಆಸುಪಾಸು ಬರುತ್ತೆ. ಆದ್ರೆ ನಿಮಗೀಗ ಐವತ್ಮೂರು. ನಿಮ್ಮೊಬ್ಬರ ಮೇಲೆ ಅಷ್ಟು ವರ್ಷ ಕೊಡೋಕ್ಕಾಗಲ್ಲ. ದುಡಿಯೋ ಮಕ್ಕಳು ಇದ್ದಾರಾ?"

ಮಗಳು ಇದ್ದಳು. ಈ ಮನೆಗೆ ಬಂದಾಗ ಅವಳಿಗೆ ಒಂಬತ್ತು. ಈಗ ಇಪ್ಪತ್ತೆರಡು, ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ ಕೆಲಸಕ್ಕೆ ಸೇರಿ ಐದು ತಿಂಗಳಾಗಿತ್ತು.

"ಅವರನ್ನ ಜೊತೆ ಸಾಲಗಾರರಾಗಿ ಸೇರಿಸಿ. ಮುಗೀತು" ಎಂದ ಬ್ಯಾಂಕಿನವನು.

ಇದನ್ನು ಮನೆಯಲ್ಲಿ ಹೇಳುವುದೇ ಬೇಡ ಎಂದುಕೊಂಡು ಅವನು ಮೆಟ್ಟಿಲು ಹತ್ತಿದ. ಆದರೆ ಅವನ ಮುಖ ನೋಡಿದ ಮೇಲೆ ಹೆಂಡತಿ ಬಿಡಲಿಲ್ಲ. ಮಗಳೂ ಅಲ್ಲೇ ಇದ್ದಳು.

"ಅಷ್ಟೇನಾ?" ಎಂದಳು ಮಗಳು. "ನಾನು ಹಾಕ್ತೀನಿ ಸಹಿ."

"ಅಷ್ಟೇನಾ ಅಂದ್ರೆ ಏನು ಗೊತ್ತೇನೇ ನಿನಗೆ? ಮುಗಿಯೋ ಹೊತ್ತಿಗೆ ನಿನಗೆ ನಲವತ್ತೇಳು ಆಗುತ್ತೆ."

"ಹೇಗಿದ್ರೂ ಆಗುತ್ತಲ್ಲಪ್ಪ. ಸಾಲ ಇಲ್ದಿದ್ರೆ ನಲವತ್ತಾರಕ್ಕೆ ನಿಲ್ಲುತ್ತಾ?"

ಅವಳು ನಗಿಸಲೆಂದೇ ಹೇಳಿದ್ದಳು. ಅವಳಮ್ಮ ನಗಲಿಲ್ಲ. "ಬೇಡ" ಎಂದಳು. "ನಾಳೆ ನಿನಗೆ ನಿನ್ನದೇ ಅಂತ ಒಂದು ಮನೆ, ಸಂಸಾರ... ಇದನ್ನ ಹೊತ್ಕೊಂಡು ಎಲ್ಲಿಗೆ ಹೋಗ್ತೀಯ?"

"ಸರಿ. ಮತ್ತೇನು ಮಾಡೋಣ, ನೀನೇ ಹೇಳಮ್ಮ."

ಅಡುಗೆಮನೆಯ ನಲ್ಲಿ ತೊಟ್ಟಿಕ್ಕುತ್ತಿತ್ತು. ಅಮ್ಮ ಎದ್ದು ಹೋಗಿ ಅದನ್ನು ಬಿಗಿ ಮಾಡಿದಳು, ಮತ್ತೆ ಇತ್ತ ಬರಲಿಲ್ಲ.

ಸಹಿಯ ದಿನ ಮಗಳು ಲ್ಯಾಬಿನಲ್ಲಿ ಎರಡು ಗಂಟೆ ರಜೆ ಕೇಳಿಕೊಂಡು ಬಂದಿದ್ದಳು. ಬ್ಯಾಂಕಿನವನು ಕಾಗದಗಳನ್ನು ಹರಡಿ, ಎಲ್ಲೆಲ್ಲಿ ಸಹಿ ಎಂದು ಪೆನ್ಸಿಲಿನಿಂದ ಗುರುತು ಹಾಕಿದ. ಇಪ್ಪತ್ತಾರು ಕಡೆ. ಅವಳು ಪೆನ್ನು ಕೈಗೆತ್ತಿಕೊಂಡಾಗ ಲಿಫ್ಟ್ ಮೆಕ್ಯಾನಿಕ್, "ತಡಿ" ಎಂದ.

"ಮೊದಲು ಓದು. ಪೂರ್ತಿ ಓದು."

ಬ್ಯಾಂಕಿನವನು ಗಡಿಯಾರ ನೋಡಿದ. ಮಗಳು ಮೊದಲ ಪುಟ ಓದಿದಳು, ಎರಡನೆಯದನ್ನು ಓದಿದಳು. ಬಡ್ಡಿ ಏರಿಳಿಯಬಹುದು ಎಂಬಲ್ಲಿ ಬೆರಳಿಟ್ಟು, "ಇದು ಏರಿದ್ರೆ ನಮ್ಮನ್ನ ಕೇಳ್ತೀರಾ?" ಎಂದು ವಿಚಾರಿಸಿದಳು.

"ಕಾಗದ ಬರುತ್ತೆ" ಎಂದ ಅವನು.

"ಬೇಡ ಅಂತ ಬರೆದ್ರೆ?"

"ಬಡ್ಡಿ ಬೇಡ ಅನ್ನೋಕೆ ಆಗಲ್ಲಮ್ಮ. ಕಂತು ಏರಿಸ್ಬೇಕೋ ಅವಧಿ ಏರಿಸ್ಬೇಕೋ, ಅಷ್ಟು ಹೇಳ್ಬಹುದು."

ಅವಳು ಅಪ್ಪನ ಕಡೆ ನೋಡಿದಳು. ಓದು ಎಂದು ಹೇಳಿದವನು ಅವನೇ. ಓದಿದ ಮೇಲೆ ಏನು ಮಾಡಬೇಕೆಂದು ಅವನಿಗೂ ತಿಳಿದಿರಲಿಲ್ಲ. ಅವಳು ಉಳಿದ ಪುಟಗಳನ್ನೂ ನಿಧಾನವಾಗಿ ಓದಿದಳು. ಆಮೇಲೆ ಒಂದೊಂದಾಗಿ ಇಪ್ಪತ್ತಾರು ಕಡೆಯೂ ಸಹಿ ಹಾಕಿದಳು. ಹದಿಮೂರು ಸಾವಿರದ ಏಳುನೂರನ್ನು ಮುನ್ನೂರು ತಿಂಗಳಿಗೆ ಗುಣಿಸಿದರೆ ನಲವತ್ತೊಂದು ಲಕ್ಷವೆಂದು ಅವನು ಹಿಂದಿನ ದಿನವೇ ಲೆಕ್ಕ ಮಾಡಿದ್ದ. ಹಿಂದೆ ಕಟ್ಟಿದ್ದನ್ನು ಅದಕ್ಕೆ ಸೇರಿಸಲು ಹೋಗಿರಲಿಲ್ಲ.

ಹೊರಗೆ ಬಿಸಿಲು ಚುರುಗುಟ್ಟುತ್ತಿತ್ತು. ಮಗಳು ಬಸ್ ಸ್ಟಾಪಿನಲ್ಲಿ ನಿಂತು, "ಲ್ಯಾಬಿಗೆ ಹೊತ್ತಾಯ್ತಪ್ಪ. ನೀವು ಊಟ ಮಾಡಿ ಹೋಗಿ" ಎಂದಳು. ಬಸ್ಸು ಬಂತು. ಹತ್ತಿ, ಕಿಟಕಿಯ ಪಕ್ಕ ಜಾಗ ಸಿಕ್ಕಿ, ಕೈಬೀಸಿದಳು. ಅವನೂ ಬೀಸಿದ.

ಹೊಸ ಕಂತು ಮುಂದಿನ ತಿಂಗಳು ಐದನೇ ತಾರೀಕಿನಿಂದ ಶುರುವಾಯಿತು.