ರಕ್ತ ಓದುವವಳಿಗೆ

ಮೊರದ ತೊಗರಿಯಲ್ಲಿ ಮತ್ತೊಂದು ಹರಳು, ಕಣ್ಣಿಗೆ ಕಂಡರೂ ಬೆರಳಿಗೆ ಸಿಗದು, ಸಾಬಮ್ಮನಿಗೆ ಸಾಕಾಗಿದೆ, ಕ್ಯಾನ್ಸರ್ ಎಂದು ಎದೆ ಕೊಯ್ದ ಕಡೆಯ ಕೈ ಇನ್ನೂ ಮೇಲೇಳದು — ಆಯಿ, ನಿಮ್ಮವ್ವಗೂ ಇದೇ ಇತ್ತಲಾ, ನಿಮ್ಮಕ್ಕಗೂ, ಮನಿತನದಾಗ ಯಾರಿಗೆ ಏನಾಗಿತ್ತು ಎಲ್ಲಾ ಬರದು ಕಳಿಸು ಎಂದು ಮೊಮ್ಮಗಳು ರಾಧಿಕಾ ಹೈದರಾಬಾದಿನ ವಿಳಾಸವಿರುವ ಲಕೋಟೆ ಕೊಟ್ಟು ಹೋಗಿ ನಾಲ್ಕು ತಿಂಗಳು, ಜೀನೋಮಿಕ್ಸ್ ಅಂತೆ ಅವಳ ಓದು, ಅವಳ ಅಣ್ಣ ರಾಜರತ್ನನದು ಏರೋಎಲಾಸ್ಟಿಸಿಟಿ, ಹೇಳಹೋದರೆ ನಾಲಿಗೆ ತೊಡರುತ್ತದೆ, ಎರಡೂ ವಿಜ್ಞಾನವೇ ಅಲ್ಲೇನೋ ಎಂದಾಗ ನಕ್ಕಿದ್ದ, ನಂದು ವಿಮಾನದ ರೆಕ್ಕಿ ಆಯಿ, ಗಾಳಿ ಬಡದ್ರ ರೆಕ್ಕಿ ಬಾಗ್ತದ, ಬಾಗಿದ ಕೂಡ್ಲೆ ಗಾಳಿ ಬಡಿಯೋ ರೀತಿನೂ ಬದಲಾಗ್ತದ, ಒಂದಕ್ಕೊಂದು ಕುಮ್ಮಕ್ಕು ಕೊಟ್ಟು ಅಲುಗಾಟ ಬೆಳೀತಂದ್ರ ಮುರದೇ ಹೋಗ್ತದ, ಯಾವ ವೇಗಕ್ಕಂತ ಮೊದಲೇ ಲೆಕ್ಕ ಹಾಕಿ, ಗಾಳಿ ಬಿಟ್ಟು ನೋಡ್ತೀವಿ, ರಾಧಿಕಾ ಬಿಟ್ಟಾಳೆಯೇ, ನೀ ರೆಕ್ಕಿ ಮುರಕೋತ ಕೂಡು, ನಂದರಾಗ ಮನುಷ್ಯಾರನ್ನ ಗಾಳಿಗಿಟ್ಟು ನೋಡಾಕ ಬರಂಗಿಲ್ಲ, ಹುಟ್ಟೂಕಿಂತ ಮೊದಲೇ ರಕ್ತದಾಗ ಬರದಿಟ್ಟ ಮುನ್ನೂರು ಕೋಟಿ ಅಕ್ಷರ, ಸಾವಿರಾರು ಮಂದೀದು ಬಾಜೂಕ ಬಾಜೂಕ ಇಟ್ಟು ಓದಬೇಕು, ಓದಿದ್ರೂ ಹಿಂಗಾಗಬಹುದು ಅಂತೀವಿ, ಆಗೇ ಆಗ್ತದ ಅನ್ನಂಗಿಲ್ಲ — ರಾತ್ರಿ ಶಾಲೆಯಲ್ಲಿ ಐವತ್ತು ಅಕ್ಷರಕ್ಕೇ ಎರಡು ವರ್ಷ ತೆಗೆದುಕೊಂಡವಳಿಗೆ ಕೇಳಿಯೇ ಸುಸ್ತು, ಮೊಮ್ಮಗನ ವಿದ್ಯೆಯೇ ವಾಸಿ, ಯಾರ ಹೊಟ್ಟೆಯಲ್ಲಿ ಹುಟ್ಟಿದೆ ಎಂದು ಅದು ರೆಕ್ಕೆಯನ್ನು ಕೇಳುವುದಿಲ್ಲ, ಮೊಮ್ಮಗಳದು ಮೊದಲು ಅದನ್ನೇ ಕೇಳುತ್ತದೆ, ಬರೆಯುವುದಾದರೆ ಭಂಕೂರದ ಕಲ್ಲುಗಣಿಯ ದಿನಗಳಿಂದ ಬರೆಯಬೇಕು, ಸಂಗಡ ಕಲ್ಲು ಹೊರುತ್ತಿದ್ದ ಚಿಂಚೋಳಿ ಕಡೆಯ ರಾಜೇಶ್ವರಿ ಹೆತ್ತ ಮೂರನೇ ದಿನ ಕಣ್ಣು ಮುಚ್ಚಿದ್ದು, ತನ್ನ ಗಂಡ ಭೀಮಶ್ಯಾ ಆ ಕೂಸನ್ನು ತಂದು ತನ್ನ ಮಡಿಲಿಗೆ ಹಾಕಿ ಇಂವ ನಮ್ಮಂವ, ಮತ್ತೊಬ್ಬರಿಗೆ ತಿಳೀಬಾರ್ದು ಎಂದದ್ದು, ಆ ವಾರವೇ ಊರು ಬಿಟ್ಟು ವಾಡಿಗೆ ಬಂದದ್ದು, ಆ ಕೂಸೇ ಸುರೇಶಕುಮಾರ, ಈ ಇಬ್ಬರ ಅಪ್ಪ, ಅವನಿಗೂ ಗೊತ್ತಿಲ್ಲ, ಭೀಮಶ್ಯಾ ಹೋದ ಮೇಲೆ ಗೊತ್ತಿರುವುದು ತನ್ನೊಬ್ಬಳಿಗೇ, ಬರೆದರೆ ತಾನು ಯಾರ ಆಯಿ — ನಿನ್ನೆ ಫೋನಿನಲ್ಲಿ ರಾಧಿಕಾ, ಮದಿವಿ ಬ್ಯಾಡಂತ ಹೇಳಿಬಿಟ್ಟೀನಿ ಆಯಿ, ನಿನ್ನ ಬ್ಯಾನಿ ನನಗ ಬಂದಿದ್ರ ನನ್ನ ಮಕ್ಕಳಿಗೂ ಬರ್ತದ, ಪ್ರತಿ ಫೋನಿಗೂ ಹುಡುಗಿಯ ಅಂಜಿಕೆ ಬೆಳೆದಿದೆ, ಅದು ಬೆಳೆದಷ್ಟೂ ಇವಳ ಬಾಯಿ ಕಟ್ಟಿದೆ, ಬಾಯಿ ಕಟ್ಟಿದಷ್ಟೂ ಅದು ಬೆಳೆದಿದೆ, ಮುರಿಯುವ ತನಕ ನೋಡುತ್ತ ಕೂಡುವುದೇ, ಎದ್ದಳು, ಲಕೋಟೆ ಹುಡುಕಿದಳು, ಬರೆದದ್ದು ಒಂದೇ ಸಾಲು, ನನ್ನ ಬ್ಯಾನಿ ನಿನಗ ಬರೂದಿಲ್ಲ ನನ್ನವ್ವಾ, ನಿಮ್ಮಪ್ಪಗ ನಾ ಹಡದಾಕಿ ಅಲ್ಲ — ಅಂಚೆ ಡಬ್ಬಿಯ ತನಕ ಎರಡು ಕಡೆ ಕುಳಿತು ಸುಧಾರಿಸಿಕೊಂಡು ನಡೆದಳು, ಕೈ ಮಣಿಕಟ್ಟಿನವರೆಗೆ ಡಬ್ಬಿಯ ಬಾಯೊಳಗೆ, ಹಿಂದಿನಿಂದ ಯಾರೋ, ಯವ್ವಾ, ಹಾಕಿದ್ರ ಸ್ವಲ್ಪ ಸರೀರಿ, ಕಾಗದ ಜಾರಿತು, ಬಿದ್ದ ಸದ್ದೂ ಕೇಳಿತು, ಕೈ ಮಾತ್ರ ಅಲ್ಲೇ, ಆ ತಗಡಿನ ಬಾಯೊಳಗೆ, ಐದೂ ಬೆರಳು ಬಿಚ್ಚಿಕೊಂಡು, ಅಲ್ಲೇ