ಶರಣಮ್ಮನ ತಂಗಿ

ಜಾತಿಯನ್ನು ವಿಮಾನ ನಿಲ್ದಾಣದಲ್ಲೇ ಬಿಟ್ಟುಬಂದೆವೆಂದು ಸಟನ್ ಕೋಲ್ಡ್‌ಫೀಲ್ಡ್ ಕನ್ನಡ ಬಳಗದ ಅಧ್ಯಕ್ಷ ಡಾಕ್ಟರ್ ಬಸವಲಿಂಗಪ್ಪ ಪ್ರತಿ ಭಾಷಣದಲ್ಲೂ ಹೇಳುತ್ತಿದ್ದರು. ಅದು ಅವರ ಹೆಂಡತಿ ಶರಣಮ್ಮನ ಸಾಮಾನಿನೊಳಗೆ ಸೇರಿ ಬಂದಿತ್ತೇನೋ. ಮಾಳಿಗೆಯ ಕೋಣೆ ಬಾಡಿಗೆಗೆ ಕೊಡುವಾಗ ಶರಣಮ್ಮ, "ನೀವು ಯಾರ ಪೈಕಿ ಆದಂಗಾತವಾ?" ಎಂದು ಕೇಳಿದ್ದರು. ಎಂ.ಎಸ್ಸಿ. ಓದಲು ಬಂದಿದ್ದ ಮಹಾದೇವಿ, "ನಿಮ್ಮ ಕಡೆಯವರೇ ರೀ" ಎಂದು ತೇಲಿಸಿದ್ದಳು. ಹೆಸರೇ ಶರಣರ ಮನೆಯದೆನಿಸಿ ಅವಳನ್ನು ಕಾಪಾಡಿತ್ತು. ಸೆಲ್ಲಿ ಓಕ್‌ನ ಇಲಿ ಓಡಾಡುವ ಬಾಡಿಗೆ ಮನೆ ನೋಡಿದವಳಿಗೆ ಆ ಬೆಚ್ಚಗಿನ ಕೋಣೆ ಪರೀಕ್ಷೆ ಮುಗಿಯುವವರೆಗೆ ಉಳಿದರೆ ಸಾಕಿತ್ತು.

ಆ ಜನವರಿಯಲ್ಲಿ, ಯಹೂದಿ ಹತ್ಯಾಕಾಂಡದ ಸ್ಮರಣೆಯ ದಿನಕ್ಕೆಂದು, ಬಳಗದವರು ಪೋಲೆಂಡಿನ ಗೆಟ್ಟೋದಲ್ಲಿ ಬದುಕುಳಿದ ಯಹೂದಿ ಅಜ್ಜಿ ರಿವ್ಕಾರನ್ನು ಲೀಡ್ಸ್‌ನಿಂದ ಕರೆಸಿದರು. ಮಕ್ಕಳ ಮನೆಗೆಂದು ಹುಬ್ಬಳ್ಳಿಯಿಂದ ಬಂದಿದ್ದ ಹಿರಿಯರಿಗೆ ಇಂಗ್ಲಿಷ್ ಬಾರದು. ಕನ್ನಡಕ್ಕಿಳಿಸುವ ಕೆಲಸ ಮಹಾದೇವಿಯ ಪಾಲಿಗೆ ಬಿತ್ತು.

ಅಜ್ಜಿ ನಿಧಾನವಾಗಿ ಹೇಳಿದರು: ನಾಜಿಗಳು ಯಹೂದಿಗಳನ್ನೆಲ್ಲ ಬೇಲಿ ಹಾಕಿದ ಗೆಟ್ಟೋದಲ್ಲಿ ಕೂಡಿಹಾಕಿದರು. ಆಲೂಗಡ್ಡೆ ಸಿಪ್ಪೆಗೂ ಡಾಕ್ಟರ ಚೀಟಿ ಬೇಕಿತ್ತು. ಬೇಲಿಗಳ ನಡುವೆಯೇ ಊರವರ ಟ್ರಾಮ್ ಹಾಯುತ್ತಿತ್ತು. ಟ್ರಾಮಿನೊಳಗೆ ಕೂತವರು ನಮ್ಮನ್ನು ನೋಡಬಾರದೆಂದು ಪತ್ರಿಕೆಯಲ್ಲಿ ಮುಖ ಹುದುಗಿಸುತ್ತಿದ್ದರು.

"ನಮ್ಮನ್ನು ಕೇರಿಯೊಳಗೆ ಕೂಡಿಹಾಕಿದರು," ಎಂದು ಮಹಾದೇವಿ ಶುರುಮಾಡಿದಳು.

"ಕೇರಿ ಬ್ಯಾಡವಾ, ಕಾಲನಿ ಅನ್ನು," ಬಸವಲಿಂಗಪ್ಪ ಪಿಸುಗುಟ್ಟಿದರು. "ಪ್ಯಾಟಿ ಮಂದಿ ಅವರು."

ಮುಂದಿನ ಸಾಲಿನ ಅಜ್ಜನ ಕಿವಿ ಚುರುಕಾಗಿತ್ತು. "ಕಾಲನಿಯೇನ್ರೀ? ಹಂಗಾರ ಛಲೋನ ಇತ್ತಲ್ಲ!"

ಮಹಾದೇವಿಗೆ ತಡೆಯಲಾಗಲಿಲ್ಲ. "ಅಲ್ರೀ ಯಜ್ಜಾ. ಊರ ಹೊರಗ ನಮ್ಮನ್ನ ಇಟ್ಟೀರಲ್ಲ, ಹಂತಾ ಜಾಗ. ಆದ್ರ ನಮ್ಮ ಕೇರಿಗೆ ಮುಳ್ಳುತಂತಿ ಇರಲಿಲ್ಲ. ಸಾಯಿಸಾಕ ನಮ್ಮನ್ನ ರೈಲಿನಾಗ ತುಂಬಿ ಒಯ್ಯಲಿಲ್ಲ. ಇವರನ್ನ ಒಯ್ದರು."

'ನಮ್ಮನ್ನ' ಎಂಬ ಒಂದು ಮಾತು, ಮಂಡಕ್ಕಿಯ ಗಿರಮಿಟ್‌ನಲ್ಲಿ ಸಿಕ್ಕ ಕಲ್ಲಿನಂತೆ, ಎಲ್ಲರ ಹಲ್ಲಿಗೂ ಒಟ್ಟಿಗೇ ಸಿಕ್ಕಿತು. ಯಾರೂ ಉಗುಳಲಿಲ್ಲ, ನುಂಗಲೂ ಇಲ್ಲ.

ಅಜ್ಜಿಯ ಮಾತು ಮುಗಿದ ಮೇಲೆ ಬಸವಲಿಂಗಪ್ಪ ಕಣ್ಣೊರೆಸಿಕೊಳ್ಳುತ್ತ, ಇಂಥ ಭೇದ ಭೂಮಿಯ ಮೇಲೆ ಮತ್ತೆಂದೂ ಹುಟ್ಟದಿರಲಿ ಎಂದು ವಂದಿಸಿದರು. ಚಪ್ಪಾಳೆ ನಿಲ್ಲುವ ಮೊದಲೇ ಶರಣಮ್ಮ ಮಹಾದೇವಿಯ ಪಕ್ಕಕ್ಕೆ ಬಂದಾಗಿತ್ತು.

"ಮಾಳಿಗಿ ಖೋಲಿ ಖಾಲಿ ಮಾಡಬೇಕಾಗ್ತದವಾ. ನನ್ನ ತಂಗಿ ಬರಾಕತ್ತಾಳ, ಒಮ್ಮಿಂದೊಮ್ಮೆಲೆ."

ಏನಂತೆ ಎಂದು ರಿವ್ಕಾ ಕೇಳಿದರು. ಮಹಾದೇವಿ ಇಂಗ್ಲಿಷಿನಲ್ಲಿ ಹೇಳಿದಳು. ಅಜ್ಜಿ ಶರಣಮ್ಮನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ನಕ್ಕು, ಏನೋ ಅಂದರು.

ಕೋಣೆಯಂತೂ ಹೋಗಿತ್ತು. ಮಹಾದೇವಿ ಮತ್ತೆ ಮೈಕ್ ಎತ್ತಿಕೊಂಡಳು.

"ಹಿರೇರ, ಇನ್ನೊಂದು ಮಾತು ಉಳಿದಿತ್ತು. ಗೆಟ್ಟೋಕ್ಕ ಹೋಗೋ ಮೊದಲು ಈ ಅಜ್ಜಿಯವರ ಮನಿ ಮಾಲಕಿಗೂ ಹಿಂಗ ಒಮ್ಮಿಂದೊಮ್ಮೆಲೆ ಒಬ್ಬಾಕಿ ತಂಗಿ ಹುಟ್ಟಿಕೊಂಡಿದ್ದಳಂತ."